ಚಾರ್ಮಿನಾರದ ಸಂಜೆ ತಿರುಗಾಟ ಮತ್ತು ನಮ್ಮ ಜೋಳದ ರೊಟ್ಟಿ

ಹೋದ ವರ್ಷ ಚಳಿಗಾಲದಲ್ಲಿ ಒಂದು ಹಾಡಿನ ಕಾರ್ಯಕ್ರಮಕ್ಕೆಂದು ಹೈದರಾಬಾದಿಗೆ ಹೋಗಿದ್ದೆ. ನನ್ನ ಮೊಮ್ಮಗಳು ಅಲ್ಲೇ ನೌಕರಿ ಮಾಡ್ತಾಳ. ಕಾರ್ಯಕ್ರಮ ಮುಗಿದ ಮರುದಿನ ಅವಳು, "ಮುತ್ಯಾ, ಇವತ್ತ ಸಂಜಿಗಿ ನಿನ್ನ ಒಂದು ಕಡಿ ಕರಕೊಂಡು ಹೋಗ್ತೀನಿ. ರೊಕ್ಕ ಮೊದಲೇ ಕಟ್ಟೀನಿ, ಬರಲ್ಲ ಅನಬ್ಯಾಡ" ಅಂದಳು. ಏನದು ಅಂತ ಕೇಳಿದರೆ, ಹಳೇ ಶಹರದಲ್ಲಿ ಒಬ್ಬ ಹುಡುಗ ಮುಂದೆ ನಡೀತಾನಂತ, ಅವನ ಹಿಂದೆ ಹತ್ತು ಮಂದಿ ನಡೀತಾರಂತ. ಅವನು ಅಂಗಡಿ ಅಂಗಡಿಗೆ ನಿಲ್ಲಿಸಿ ತಿನಿಸ್ತಾನ, ತಿನ್ನುವ ಪದಾರ್ಥದ ಇತಿಹಾಸ ಹೇಳ್ತಾನ. ನನಗೆ ನಗು ಬಂತು. ತಿನ್ನಲಿಕ್ಕೆ ದಾರಿ ತೋರಿಸುವವನು ಬೇಕೇನು? ಬಾಯಿಗೆ ದಾರಿ ತಾನೇ ಗೊತ್ತು. ಆದರೂ ಮೊಮ್ಮಗಳ ಮನಸ್ಸು ಮುರೀಬಾರದು ಅಂತ ಹೋದೆ. ಆ ಸಂಜೆ ಕೇಳಿದ ಒಂದು ಮಾತಿನಿಂದಲೇ ಈ ಲೇಖನ ಹುಟ್ಟಿದೆ.

ಐದು ಗಂಟೆಗೆ ಚಾರ್ಮಿನಾರದ ಹತ್ತಿರ ಎಲ್ಲರೂ ಕೂಡಿದೆವು. ದಾರಿ ತೋರಿಸುವ ಹುಡುಗನಿಗೆ ಇಪ್ಪತ್ತೈದು ವಯಸ್ಸು ಇರಬಹುದು. ಶಾಣ್ಯಾ ಹುಡುಗ, ಮಾತು ಸ್ವಚ್ಛ. ಗೋಲಕೊಂಡದ ಸುಲ್ತಾನ ಮಹಮ್ಮದ್ ಕುಲಿ ಕುತುಬ್ ಷಾ 1591ರಲ್ಲಿ ಚಾರ್ಮಿನಾರ ಕಟ್ಟಿಸಿದ ಎಂಬಲ್ಲಿಂದ ಶುರು ಮಾಡಿದ. ಇರಾನದಿಂದ ಬಂದ ಜನ ಇರಾನಿ ಹೋಟೆಲ್ ಹಾಕಿದ್ದು, ಚಹಾದ ಜೊತೆ ಕೊಡುವ ಉಸ್ಮಾನಿಯಾ ಬಿಸ್ಕೀಟಿಗೆ ಏಳನೇ ನಿಜಾಮ ಮೀರ್ ಉಸ್ಮಾನ್ ಅಲಿ ಖಾನರ ಹೆಸರು ಬಂದದ್ದು ಹೇಳಿದ. 1908ರಲ್ಲಿ ಮೂಸಿ ನದಿಗೆ ಮಹಾಪೂರ ಬಂದ ಮೇಲೆ ಪತ್ತರಗಟ್ಟಿಯ ಕಲ್ಲಿನ ಅಂಗಡಿ ಸಾಲು ಎದ್ದದ್ದು ತೋರಿಸಿದ. ರಂಜಾನ್ ತಿಂಗಳಲ್ಲಿ ಮಾಡುವ ಹಲೀಮ್ ಅರಬರ ಕಡೆಯಿಂದ ಬಂದದ್ದು, ಹೈದರಾಬಾದಿನ ಹಲೀಮಿಗೆ 2010ರಲ್ಲಿ ಸರಕಾರದ ಜಿಐ ಮಾನ್ಯತೆ ಸಿಕ್ಕದ್ದು ಹೇಳಿದ. ನಾನು ಕೊರಳಲ್ಲಿ ಲಿಂಗ ಕಟ್ಟಿದವನು, ಮಾಂಸ ತಿನ್ನುವುದಿಲ್ಲ. ಚಹಾ, ಬಿಸ್ಕೀಟು, ನಾನ್ ರೊಟ್ಟಿ, ಡಬಲ್ ಕಾ ಮೀಠಾ ಇಷ್ಟರಲ್ಲೇ ನನ್ನ ಹೊಟ್ಟೆ ತುಂಬಿತು. ಕಿವಿ ಮಾತ್ರ ಇನ್ನೂ ಖಾಲಿ ಇತ್ತು, ಕೇಳ್ತಾ ನಡೆದೆ.

ಒಂದು ಸಣ್ಣ ಹೋಟೆಲಿನ ಮುಂದೆ "ಕಲ್ಯಾಣಿ ಬಿರಿಯಾನಿ" ಅಂತ ಬೋರ್ಡು ಇತ್ತು. ಎಮ್ಮೆ ಮಾಂಸದ ಬಿರಿಯಾನಿ, ಬಡವರ ಬಿರಿಯಾನಿ ಅಂತ ಕರೀತಾರ ಅಂದ ಹುಡುಗ. "ಕಲ್ಯಾಣಿ ಅಂದ್ರ ಯಾವುದಪ್ಪಾ?" ಅಂತ ಕೇಳಿದೆ. "ಯಾರೋ ಒಬ್ಬ ನವಾಬರ ಹೆಸರು, ದಾದಾಜಿ" ಅಂದ. ನಾನು ತಡೀಲಿಲ್ಲ. "ಹೆಸರು ನವಾಬರದಲ್ಲೋ ತಮ್ಮಾ, ಊರಿಂದು. ಅದು ನಮ್ಮ ಕಲ್ಯಾಣ. ಬೀದರ ಜಿಲ್ಲೆಯ ಬಸವಕಲ್ಯಾಣ. ನಮ್ಮೂರಿಂದ ಮುಂಜಾನೆ ಹೊರಟರೆ ಮಧ್ಯಾಹ್ನದ ಊಟಕ್ಕೆ ಅಲ್ಲಿ ಇರ್ತೀವಿ" ಅಂದೆ. ನಿಜಾಮರ ಕಾಲದಲ್ಲಿ ಕಲ್ಯಾಣ ಒಂದು ಜಹಗೀರಾಗಿತ್ತು. ಅದರ ನವಾಬರಿಗೆ ಹೈದರಾಬಾದಿನಲ್ಲಿ ಹವೇಲಿ ಇತ್ತು. ಅವರ ಹವೇಲಿಗೆ ಬಂದವರಿಗೆ ಹಾಕುತ್ತಿದ್ದ ಬಿರಿಯಾನಿಗೆ ಆ ಹೆಸರು ಬಂತು ಅಂತ ಹೇಳ್ತಾರ. 1949ರಲ್ಲಿ ಜಹಗೀರುಗಳು ರದ್ದಾದವು, ನವಾಬಗಿರಿ ಹೋಯಿತು, ಊರಿನ ಹೆಸರು ಬಿರಿಯಾನಿಯಲ್ಲಿ ಉಳೀತು. ಹುಡುಗ ಒಳ್ಳೆಯವನು, ಕಿಸೆಯಿಂದ ಸಣ್ಣ ಪುಸ್ತಕ ತೆಗೆದು ಬರಕೊಂಡ.

ಎಂಟು ಗಂಟೆಗೆ ತಿರುಗಾಟ ಮುಗಿದು ಬಸ್ಸಿನ ಕಡೆ ನಡೆಯುವಾಗ, ರಸ್ತೆ ಬದಿ ಒಬ್ಬ ಹೆಣ್ಣುಮಗಳು ಗ್ಯಾಸಿನ ಒಲೆಯ ಮೇಲೆ ಹಂಚಿಟ್ಟು ಜೋಳದ ರೊಟ್ಟಿ ಬಡೀತಿದ್ದಳು. ಈಗ ಹೈದರಾಬಾದಿನ ಓಣಿ ಓಣಿಯಲ್ಲಿ ಸಂಜೆ ಇಂಥ ಅಂಗಡಿ ಅವ. ಸಕ್ಕರೆ ರೋಗದವರು ಸಾಲು ಹಚ್ಚಿ ಕಟ್ಟಿಸಿಕೊಂಡು ಹೋಗ್ತಾರ. ಅವಳು ಹಿಟ್ಟು ನಾದುವ ರೀತಿ ನೋಡಿಯೇ ನಮ್ಮ ಕಡೆಯವಳು ಅಂತ ಗೊತ್ತಾಯಿತು. "ಯಾವೂರು ತಂಗಿ?" ಅಂದೆ ಕನ್ನಡದಲ್ಲೇ. ಅವಳು ತಲೆ ಎತ್ತಿ, "ನಾರಾಯಣಖೇಡ ಕಡೀದ್ರಿ ಕಾಕಾ" ಅಂದಳು. ಎರಡು ರೊಟ್ಟಿ ಕೊಟ್ಟಳು, ರೊಕ್ಕ ಬ್ಯಾಡ ಅಂದಳು. ನಾನು ಕೊಟ್ಟೇ ಬಂದೆ.

ಆ ಹುಡುಗನೂ ನಮ್ಮ ಜೊತೆಗೇ ಬರ್ತಿದ್ದ. "ತಮ್ಮಾ, ಇಲ್ಲಿ ಯಾಕ ನಿಲ್ಲಿಸಲಿಲ್ಲ ನಮ್ಮನ್ನ?" ಅಂತ ಕೇಳಿದೆ. ಅವನು ನಗ್ತಾ, "ದಾದಾಜಿ, ಇದರಾಗ ಇತಿಹಾಸ ಏನದ? ಇದು ಬರೀ ರೊಟ್ಟಿ" ಅಂದ.

ಅವನ ಮೇಲೆ ನನಗೆ ಸಿಟ್ಟಿಲ್ಲ. ಅವನು ಕಲಿತ ಪುಸ್ತಕದಲ್ಲಿ ಅದು ಇಲ್ಲ, ಅವನು ಏನು ಮಾಡ್ಯಾನು? ಆದರೆ ಆ ಮಾತು ಬಸ್ಸಿನಲ್ಲಿ ನೂರು ಕಿಲೋಮೀಟರು ನನ್ನ ಜೊತೆಗೇ ಬಂತು. ಬರೀ ರೊಟ್ಟಿ. ಇದರಲ್ಲಿ ಇತಿಹಾಸ ಇಲ್ಲ.

ಊರಿಗೆ ಬಂದು ನಮ್ಮ ವಾಚನಾಲಯದಲ್ಲಿ ಕೂತು ಮಾಸ್ತರರಿಗೆ ಇದೆಲ್ಲ ಹೇಳಿದೆ. ಅವರು, ಇಂಥ ಸಂಜೆ ತಿರುಗಾಟ ಈಗ ಜಗತ್ತಿನ ಹಳೇ ಶಹರಗಳಲ್ಲೆಲ್ಲ ನಡೀತದ ಅಂತ ಹೇಳಿ, ಚೀನಾದ ಶಿಯಾನ್ ಎಂಬ ಊರಿನ ಚಿತ್ರ ತೋರಿಸಿದರು. ಹಿಂದೆ ಅದು ಚೀನಾದ ರಾಜಧಾನಿ, ರೇಷ್ಮೆ ವ್ಯಾಪಾರದ ದಾರಿ ಅಲ್ಲಿಂದ ಹೊರಡುತ್ತಿತ್ತು. ಅಲ್ಲಿ ಮುಸಲ್ಮಾನರ ಓಣಿಯಲ್ಲಿ ಸಂಜೆಯಾದರೆ ದೀಪ ಹಚ್ಚಿ ಅಂಗಡಿ ತೆಗೀತಾರ, ಹೊರದೇಶದವರನ್ನು ಮೂರು ಗಾಲಿ ಗಾಡಿಯಲ್ಲಿ ಕೂಡಿಸಿ ತಿನಿಸಿ ತಿರುಗಿಸ್ತಾರ. ಅಲ್ಲಿನ ಹೆಸರಾದ ಊಟ ಯಾವುದು ಅಂತೀರಿ? ಗಟ್ಟಿ ರೊಟ್ಟಿಯನ್ನು ಕೈಯಿಂದ ಸಣ್ಣಗೆ ಮುರಿದು ಕುರಿ ಮಾಂಸದ ಸಾರಿನಲ್ಲಿ ಕಲಸಿ ತಿನ್ನುವುದು. ನಾವು ತಂಗಳ ರೊಟ್ಟಿ ಮುರಿದು ಬ್ಯಾಳಿ ಸಾರಿನಲ್ಲಿ ಕಲಸಿದಂಗ! ಅಲ್ಲಿ ಅದಕ್ಕೆ ಇತಿಹಾಸ ಅದ, ನಮ್ಮದಕ್ಕೆ ಇಲ್ಲ.

ಮಾಸ್ತರರು ಇನ್ನೊಂದು ಸಂಗತಿ ಹೇಳಿದರು. ಚೀನಾದ ಸಾಂಗ್ ಅರಸರ ಕಾಲದಲ್ಲಿ ಕೈಫೆಂಗ್ ಎಂಬ ರಾಜಧಾನಿಯಲ್ಲಿ ರಾತ್ರಿ ಬಜಾರು ಜೋರಾಗಿ ನಡೀತಿತ್ತು. 1127ರಲ್ಲಿ ವೈರಿಗಳು ಆ ಊರನ್ನು ಗೆದ್ದುಕೊಂಡರು, ಜನ ದಕ್ಷಿಣಕ್ಕೆ ಓಡಿ ಹೋದರು. ಓಡಿ ಹೋದವರಲ್ಲಿ ಮೆಂಗ್ ಯುವಾನ್‌ಲಾವ್ ಎಂಬ ಒಬ್ಬ, ಇಪ್ಪತ್ತು ವರ್ಷ ಆದ ಮೇಲೆ, 1147ರಲ್ಲಿ, ಕಳಕೊಂಡ ಊರಿನ ಮೇಲೆ ಪುಸ್ತಕ ಬರೆದ. ಯಾವ ಓಣಿಯಲ್ಲಿ ಯಾವ ಅಂಗಡಿ, ಯಾವ ಹಬ್ಬಕ್ಕೆ ಏನು ಮಾರುತ್ತಿದ್ದರು, ರಾತ್ರಿ ಯಾವ ತಿಂಡಿ ಸಿಗುತ್ತಿತ್ತು ಎಲ್ಲ ನೆನಪು ಮಾಡಿ ಬರೆದ. ಅವನು ಬರೆಯದಿದ್ದರೆ ಆ ಬಜಾರು ಅಷ್ಟು ಚೆನ್ನಾಗಿ ಇವತ್ತಿಗೆ ಗೊತ್ತಾಗುತ್ತಿರಲಿಲ್ಲ.

ಅದೇ ಕಾಲಕ್ಕೆ ನಮ್ಮ ಕಲ್ಯಾಣದಲ್ಲಿ ಚಾಲುಕ್ಯರ ಮೂರನೇ ಸೋಮೇಶ್ವರ ಆಳುತ್ತಿದ್ದ. ಸುಮಾರು 1130ರಲ್ಲಿ ಅವನು ಸಂಸ್ಕೃತದಲ್ಲಿ 'ಮಾನಸೋಲ್ಲಾಸ' ಎಂಬ ದೊಡ್ಡ ಗ್ರಂಥ ಬರೆಸಿದ. ಅದರಲ್ಲಿ ಅರಸನ ಊಟದ ಅಧ್ಯಾಯವೇ ಅದ. ಉದ್ದಿನ ಬೇಳೆಯ ಇಡ್ಲಿಯಂಥದ್ದು, ವಡೆ, ಮಾಂಸದ ಬಗೆಗಳು ಎಲ್ಲ ಬರ್ತಾವ. ಆದರೆ ಅದು ಅರಸನ ತಾಟಿನ ಲೆಕ್ಕ. ಆ ಅರಸ ಹೋಗಿ ಮೂವತ್ತು ವರ್ಷ ಆಗುವುದರೊಳಗೆ ಅದೇ ಕಲ್ಯಾಣದಲ್ಲಿ ಬಸವಣ್ಣನವರು, ಶರಣರು ಕೂಡಿದರು. ಮಾದಾರ ಚೆನ್ನಯ್ಯನ ಮನೆಯ ಅಂಬಲಿಯನ್ನು ಶಿವ ಉಂಡ ಎಂಬ ಕಥೆ ನಾವು ಭಜನೆಯಲ್ಲಿ ಹಾಡ್ತೀವಿ. ಅರಸನ ಪುಸ್ತಕ ಪಂಡಿತರು ಕಾಪಾಡಿದರು, ಅಂಬಲಿಯ ಕಥೆ ಜನರ ಬಾಯಿ ಕಾಪಾಡಿತು. ಇತಿಹಾಸ ಎರಡು ಕಡೆಯಿಂದಲೂ ಬರ್ತದ.

ಇನ್ನು ಹೊರಗಿನಿಂದ ಬಂದು ನಮ್ಮ ಬಜಾರು ನೋಡಿದವರು. ಈಗ ಹೈದರಾಬಾದಿಗೆ ಬರುವ ವಿದೇಶಿಯರಿಗೆ ದಾರಿ ತೋರಿಸುವವರು ಇದ್ದಾರ. ಐದೂವರೆ ನೂರು ವರ್ಷದ ಹಿಂದೆ, ಬಹಮನಿ ಸುಲ್ತಾನರ ಕಾಲದಲ್ಲಿ, ರಷ್ಯಾದಿಂದ ಅಫನಾಸಿ ನಿಕಿತಿನ್ ಎಂಬ ವ್ಯಾಪಾರಿ ಬೀದರಿಗೆ ಬಂದಿದ್ದ. ಕುದುರೆ ಮಾರಲು ಬಂದವನು ಇಲ್ಲಿನ ಜನರ ಊಟವನ್ನೂ ನೋಡಿ ಬರೆದಿಟ್ಟ. ಹಿಂದೂ ಜನ ಬಲಗೈಯಿಂದಲೇ ತಿಂತಾರ, ಚಮಚ ಚಾಕು ಹಿಡಿಯುವುದಿಲ್ಲ, ಕುದುರೆಗೆ ಕಿಚಡಿ ಬೇಯಿಸಿ ಹಾಕ್ತಾರ, ಹೀಗೆ. ಆಳಂದದ ಜಾತ್ರೆಯನ್ನೂ ಬರೆದಾನ. ಹತ್ತು ದಿನದ ಜಾತ್ರೆ, ಸಾವಿರಾರು ಕುದುರೆ ಮಾರಾಟ. ನಮ್ಮ ಸೀಮೆಯ ಸಾಮಾನ್ಯರ ಊಟವನ್ನು ಆಗ ಪುಸ್ತಕಕ್ಕೆ ಏರಿಸಿದವನು ಪರದೇಶದವನು. ನಾವು ಬರೆದುಕೊಳ್ಳಲಿಲ್ಲ.

ಈಗ ನಾನೇ ಹೇಳ್ತೀನಿ, ಆ ಹುಡುಗ 'ಬರೀ ರೊಟ್ಟಿ' ಅಂದದ್ದರ ಇತಿಹಾಸ.

ಜೋಳ ಹುಟ್ಟಿದ್ದು ಆಫ್ರಿಕಾದಲ್ಲಿ. ಅದು ನಮ್ಮ ದೇಶಕ್ಕೆ ಬಂದು ಸುಮಾರು 4 ಸಾವಿರ ವರ್ಷ ಆಯಿತು ಅಂತ ತಿಳಿದವರು ಹೇಳ್ತಾರ. ನವಣೆ ಉತ್ತರ ಚೀನಾದ ಬೆಳೆ, ಅಲ್ಲಿ 8 ಸಾವಿರ ವರ್ಷಕ್ಕಿಂತ ಹಿಂದಿನಿಂದ ಬೆಳೀತಾರ. ಚಹಾದ ರೂಢಿಯೂ ಚೀನಾದ್ದೇ. ಮೆಣಸಿನಕಾಯಿ, ಶೇಂಗಾ, ಬಟಾಟಿ, ಗೆಣಸು, ಟೊಮ್ಯಾಟೊ ಇವೆಲ್ಲ ಅಮೆರಿಕದವು. ಪೋರ್ಚುಗೀಸರು ಹಡಗಿನಲ್ಲಿ ಬಂದ ಮೇಲೆ, ಅಂದರೆ 1500ರ ನಂತರ, ಇಲ್ಲಿಗೆ ಬಂದವು. ನಮ್ಮ ರೊಟ್ಟಿ ಚಾರ್ಮಿನಾರಕ್ಕಿಂತ ಎಷ್ಟೋ ಹಳೇದು, ಅದರ ಜೊತೆಗಿನ ಕೆಂಪು ಖಾರ, ಶೇಂಗಾ ಹಿಂಡಿ ಹೊಸವು. ಒಂದು ತಾಟಿನಲ್ಲಿ ಮೂರು ಖಂಡಗಳು ಕೂತಿವೆ. ಇತಿಹಾಸ ಅಂದರೆ ಇನ್ನೇನು?

ಮುಂದಿನದು ನಮ್ಮ ಹಿರಿಯರು ಕಂಡದ್ದು, ನಾ ಕಂಡದ್ದು. ನಿಜಾಮರ ರಾಜ್ಯದಲ್ಲಿ ಜಹೀರಾಬಾದ, ನಾರಾಯಣಖೇಡ ಬೀದರ ಜಿಲ್ಲೆಯಲ್ಲಿದ್ದವು, ತಾಂಡೂರು ಗುಲ್ಬರ್ಗ ಜಿಲ್ಲೆಯಲ್ಲಿತ್ತು. 1956ರ ನವೆಂಬರ್ 1ರಂದು ಭಾಷೆಯ ಮೇಲೆ ರಾಜ್ಯ ಹಂಚಿದಾಗ ಬೀದರ ಮೈಸೂರು ರಾಜ್ಯಕ್ಕೆ ಹೋಯಿತು, ನಾವು ಆಂಧ್ರಪ್ರದೇಶಕ್ಕೆ ಬಂದೆವು. ಈಗ ತೆಲಂಗಾಣ. ಗೆರೆ ಎಳೆದವರು ಹೊಲ ನೋಡಲಿಲ್ಲ. ಗೆರೆಯ ಎರಡೂ ಕಡೆ ಅದೇ ಎರೆಭೂಮಿ, ಅದೇ ಹಿಂಗಾರಿ ಬಿಳಿಜೋಳ, ಸಾಲಿನ ನಡುವೆ ಅದೇ ಕುಸುಬೆ, ಕಡಲೆ. ಎಳ್ಳ ಅಮಾವಾಸ್ಯೆಗೆ ಎರಡೂ ಕಡೆಯವರು ಬುತ್ತಿ ಕಟ್ಟಿಕೊಂಡು ಹೊಲಕ್ಕೆ ಹೋಗಿ ಭಜ್ಜಿ, ರೊಟ್ಟಿ, ಅಂಬಲಿ ಉಂಡು ಚರಗ ಚೆಲ್ಲತಾರ. ರಾಜ್ಯ ಬೇರೆ ಆಯಿತು, ಬುತ್ತಿ ಬೇರೆ ಆಗಲಿಲ್ಲ.

1972ರ ಬರ ನನಗೆ ನೆನಪದ. ನಾನು ಸಾಲಿಗೆ ಹೋಗುವ ಹುಡುಗ. ಮನೆಯಲ್ಲಿ ರೊಟ್ಟಿ ಎಣಿಸಿ ಹಾಕುತ್ತಿದ್ದರು. ನಮ್ಮವ್ವ ತನ್ನ ಪಾಲಿನದು ಅರ್ಧ ಮುರಿದು ನಮಗೆ ಹಾಕಿ, "ನಂಗ ಹೊಟ್ಟಿ ಬ್ಯಾನಿ" ಅನ್ನುತ್ತಿದ್ದಳು. ಬಹಳ ವರ್ಷ ಆದ ಮೇಲೆ ಗೊತ್ತಾಯಿತು, ಅದು ಯಾವ ಬ್ಯಾನಿ ಅಂತ.

1983ರಲ್ಲಿ ಎನ್.ಟಿ. ರಾಮರಾಯರ ಸರಕಾರ ಎರಡು ರೂಪಾಯಿಗೆ ಕಿಲೋ ಅಕ್ಕಿ ಕೊಟ್ಟಿತು. ಹಸಿದ ಹೊಟ್ಟೆಗೆ ಅದು ದೊಡ್ಡ ಪುಣ್ಯ, ಅದನ್ನು ಮರೆತರೆ ಪಾಪ ಬರ್ತದ. ಆದರೆ ಆ ಅಂಗಡಿಯಲ್ಲಿ ಜೋಳ ಇರಲಿಲ್ಲ. ಅಗ್ಗದ ಅಕ್ಕಿ ಸಿಕ್ಕ ಮೇಲೆ ಜೋಳ ಬಿತ್ತಿ, ಹಕ್ಕಿ ಕಾಯ್ದು, ಕೊಯ್ದು, ಬೀಸಿ, ಬಡಿಯುವವರು ಯಾರು? ಸಣ್ಣ ಸಣ್ಣ ಹೊಲ ಬೀಳು ಬಿದ್ದವು. ನೀರಿದ್ದವರು ಕಬ್ಬು ಹಚ್ಚಿದರು. ಹಬ್ಬದ ಅನ್ನ ದಿನದ ಅನ್ನ ಆಯಿತು, ದಿನದ ರೊಟ್ಟಿ ಬಡವರ ಗುರುತಾಯಿತು.

ಅದೇ 1983ರಲ್ಲಿ ಜಹೀರಾಬಾದ ಕಡೆ ಡೆಕ್ಕನ್ ಡೆವಲಪ್‌ಮೆಂಟ್ ಸೊಸೈಟಿ ಶುರುವಾಯಿತು. ಅದನ್ನು ಕಟ್ಟಿದವರಲ್ಲಿ ಪಿ.ವಿ. ಸತೀಶ ಅವರು ಮೈಸೂರು ಕಡೆಯವರು, ದೂರದರ್ಶನದ ಕೆಲಸ ಬಿಟ್ಟು ಬಂದವರು, 2023ರ ಮಾರ್ಚಿನಲ್ಲಿ ತೀರಿಕೊಂಡರು. ಆದರೆ ನಿಜವಾದ ಕೆಲಸ ಮಾಡಿದವರು ನಮ್ಮ ಸುತ್ತಿನ ಹಳ್ಳಿಗಳ ಬಡ ಹೆಣ್ಣುಮಕ್ಕಳು, ಹೆಚ್ಚಿನವರು ದಲಿತ ಕೇರಿಯವರು. ಸಂಘ ಕಟ್ಟಿಕೊಂಡು ಬೀಳು ಹೊಲ ಉತ್ತಿ ಜೋಳ ಬಿತ್ತಿದರು. ಸಾಲವನ್ನು ರೊಕ್ಕದಲ್ಲಲ್ಲ, ಕಾಳಿನಲ್ಲಿ ತೀರಿಸಿದರು. ಆ ಕಾಳು ಊರಿನಲ್ಲೇ ಕೂಡಿಟ್ಟು ಬಡವರಿಗೆ ಅಗ್ಗದಲ್ಲಿ ಕೊಟ್ಟರು. ಸಂಕ್ರಾಂತಿ ಬಂತೆಂದರೆ ಬಂಡಿ ಸಿಂಗರಿಸಿ, ಮಡಿಕೆಗಳಲ್ಲಿ ಹಳೇ ಬೀಜ ತುಂಬಿ, ಹಾಡ್ತಾ ಊರೂರು ತಿರುಗತಾರ. ಸುಮಾರು ಒಂದು ತಿಂಗಳ ಆ ಜಾತ್ರೆ ನಮ್ಮ ಮಂಡಲದ ಮಾಚನೂರಿನಲ್ಲಿ ಮುಗೀತದ. ಅದೇ ಮಾಚನೂರಿನಲ್ಲಿ 2008ರ ಅಕ್ಟೋಬರ್ 15ರಿಂದ ಹೆಣ್ಣುಮಕ್ಕಳೇ ಸಂಘಂ ರೇಡಿಯೋ ನಡೆಸ್ತಾರ. 2019ರಲ್ಲಿ ಅವರ ಕೆಲಸಕ್ಕೆ ವಿಶ್ವಸಂಸ್ಥೆಯ ಈಕ್ವೇಟರ್ ಪ್ರಶಸ್ತಿ ಬಂತು. 2023ನ್ನು ಜಗತ್ತೆಲ್ಲ ಸಿರಿಧಾನ್ಯದ ವರ್ಷ ಅಂತ ಆಚರಿಸಿತು. ಇವರು ಅದನ್ನು ನಲವತ್ತು ವರ್ಷ ಮೊದಲೇ ಶುರು ಮಾಡಿದ್ದರು.

ಇಲ್ಲಿ ನನ್ನ ತಪ್ಪನ್ನೂ ಬರೀಬೇಕು. ನಾನು ಊರೂರು ಹೋಗಿ ಬೀಸುವ ಪದ, ಸುಗ್ಗಿ ಪದ ಹಾಡ್ತೀನಿ. ಜನ ಚಪ್ಪಾಳಿ ತಟ್ಟತಾರ. ಆದರೆ ಹನ್ನೆರಡು ವರ್ಷ ನನ್ನ ಹೊಲದಲ್ಲಿ ಒಂದು ಸಾಲು ಜೋಳ ಇರಲಿಲ್ಲ. ಕಬ್ಬು, ಹತ್ತಿ ಬೆಳೆದೆ. ಸಾಲ ಇತ್ತು, ರೊಕ್ಕ ಬೇಕಿತ್ತು, ಹಕ್ಕಿ ಕಾಯಲು ಆಳು ಸಿಗುತ್ತಿರಲಿಲ್ಲ. ಬಾಯಿಯಲ್ಲಿ ಜೋಳದ ಹಾಡು, ಮನೆಯಲ್ಲಿ ರೇಷನ್ ಅಕ್ಕಿ. ಹೈದರಾಬಾದಿನ ಹುಡುಗ ರೊಟ್ಟಿಗೆ ಇತಿಹಾಸ ಇಲ್ಲ ಅಂದಾಗ ನನಗೆ ಚುರ್ ಅಂದದ್ದು ಅದಕ್ಕೇ. ಈ ಸಲ ಒಂದು ಎಕರೆ ಬಿಳಿಜೋಳ ಹಾಕೀನಿ. ಬೀಜ ಮಾಚನೂರ ಕಡೆಯ ಒಬ್ಬ ತಾಯಿ ಕೊಟ್ಟಳು. "ಕೊಯ್ದ ಮ್ಯಾಲ ಎರಡು ಪಟ್ಟು ತಿರುಗಿ ಕೊಡಬೇಕು ನೋಡ್ರಿ" ಅಂತ ಹೇಳಿಯೇ ಕೊಟ್ಟಳು.

ಇದಾದ ಮೇಲೆ ಶಿವರಾತ್ರಿ ಬಂತು. ನಮ್ಮ ಝರಾಸಂಗಮದ ಕೇತಕಿ ಸಂಗಮೇಶ್ವರನ ಜಾತ್ರೆ ನಿಮಗೆ ಗೊತ್ತೇ ಅದ. ಬೇರೆ ಕಡೆ ಶಿವನಿಗೆ ಏರಿಸದ ಕೇದಿಗೆ ಹೂವು ಇಲ್ಲಿ ಏರಿಸ್ತಾರ, ಕರ್ನಾಟಕ, ಮಹಾರಾಷ್ಟ್ರದಿಂದಲೂ ಜನ ಬರ್ತಾರ. ಹೈದರಾಬಾದಿನ ಹುಡುಗ ಮಾಡಿದ್ದನ್ನೇ ನಾವೂ ಯಾಕ ಮಾಡಬಾರದು ಅಂತ, ವಾಚನಾಲಯದ ಹದಿನಾಲ್ಕು ಮಕ್ಕಳನ್ನು ಕರಕೊಂಡು ಮರುದಿನ ಸಂಜೆ ಅಂಗಡಿ ಸಾಲಿನಲ್ಲಿ ತಿರುಗಿದೆ. ಮಿರ್ಚಿ ಭಜಿ, ಚುರುಮುರಿ, ಜಿಲೇಬಿ, ಬೆಂಡು ಬತ್ತಾಸು, ಕಬ್ಬಿನ ಹಾಲು. ಪ್ರತಿ ಅಂಗಡಿ ಮುಂದೆ ನಿಂತು ಇದು ಎಲ್ಲಿಯದು, ಯಾರು ಮಾಡಿದರು ಅಂತ ಕೇಳಿದೆವು. ಉಪವಾಸಕ್ಕೆ ತಿನ್ನುವ ಗೆಣಸು, ಬಟಾಟಿ, ಶೇಂಗಾ, ಸಾಬೂದಾಣಿ ಮಾಡುವ ಮರಗೆಣಸು ಎಲ್ಲವೂ ಅಮೆರಿಕದ ಬೆಳೆ ಅಂತ ಹೇಳಿದಾಗ ಮಕ್ಕಳು ಬಿದ್ದು ಬಿದ್ದು ನಕ್ಕರು. "ಹಂಗಾದ್ರ ಐದು ನೂರು ವರ್ಷದ ಹಿಂದ ಉಪವಾಸಕ್ಕ ಏನು ತಿಂತಿದ್ರು?" ಅಂತ ಒಬ್ಬ ಹುಡುಗಿ ಕೇಳಿದಳು. ನನ್ನ ಹತ್ತಿರ ಉತ್ತರ ಇರಲಿಲ್ಲ. ಇಂಥ ಪ್ರಶ್ನೆ ಕೇಳುವ ಮಕ್ಕಳು ನಮ್ಮೂರಲ್ಲಿ ಅವ ಅಂತ ಖುಷಿ ಮಾತ್ರ ಆಯಿತು.

ಸಾಲಿನ ಕೊನೆಗೆ ಒಬ್ಬ ಮುದುಕಿ ಗೋಣಿತಟ್ಟಿನ ಮೇಲೆ ನಾಲ್ಕು ಬಗೆಯ ಕಾಳು ಹರವಿಕೊಂಡು ಕೂತಿದ್ದಳು. ಮಕ್ಕಳಿಗೆ ಹೆಸರು ಕೇಳಿದೆ. ಜೋಳಕ್ಕೆ 'ಜೊನ್ನಲು' ಅಂದರು, ಸಜ್ಜೆಗೆ 'ಸಜ್ಜಲು' ಅಂದರು. ನವಣೆಗೆ ಒಬ್ಬನು 'ಕೊರ್ರಲು' ಅಂದ, ಸಾವೆ ಯಾರಿಗೂ ಗೊತ್ತಾಗಲಿಲ್ಲ. ತೆಲುಗೂ ನಮ್ಮದೇ ಭಾಷೆ. ನಾನು ಏಳನೇ ಇಯತ್ತೆ ತನಕ ಕಲಿತದ್ದು ತೆಲುಗಿನಲ್ಲೇ, ಕನ್ನಡ ಅಕ್ಷರ ಕಲಿತದ್ದು ಭಜನೆ ಪುಸ್ತಕದಿಂದ. ಅದರ ಮೇಲೆ ನನಗೆ ಬ್ಯಾಸರಿಲ್ಲ. ಆದರೆ ನವಣೆ, ಸಾವೆ ಎಂಬ ಕನ್ನಡದ ಹೆಸರನ್ನು ಹದಿನಾಲ್ಕು ಮಕ್ಕಳಲ್ಲಿ ಒಬ್ಬರೂ ಹೇಳಲಿಲ್ಲ, ಆ ಮುದುಕಿಯೇ ಹೇಳಿದಳು. ಬೀಜವನ್ನು ಸಂಘದ ಹೆಣ್ಣುಮಕ್ಕಳು ಮಡಿಕೆಯಲ್ಲಿ ಉಳಿಸ್ಯಾರ. ಹೆಸರು ಉಳಿಸಲು ಮಡಿಕೆ ಎಲ್ಲಿ ಅದ? ನಮ್ಮ ಮನೆ ಮಾತಿನಲ್ಲಿ ಅದ, ಇಂಥ ಪುಸ್ತಕದಲ್ಲಿ ಅದ.

ಅದಕ್ಕೇ ನಮ್ಮ ಊರವರಿಗೆ, ಸಾಲಿಯ ಗುರುಗಳಿಗೆ ನನ್ನ ಒಂದು ವಿನಂತಿ. ನಿಮ್ಮ ಮನೆಯ ಹಿರಿಯ ಹೆಣ್ಣುಮಕ್ಕಳನ್ನು ಕೂಡಿಸಿ ಕೇಳ್ರಿ. ಯಾವ ಕಾಳು, ಯಾವ ಹಬ್ಬಕ್ಕೆ ಯಾವ ಅಡಿಗೆ, ಬರದ ವರ್ಷ ಏನು ತಿಂದಿರಿ, ಅದಕ್ಕೆ ಏನಂತಿದ್ದಿರಿ. ಮಕ್ಕಳ ಕೈಯಲ್ಲಿ ಬರೆಸ್ರಿ. ಕನ್ನಡದಲ್ಲಾಗಲಿ, ತೆಲುಗಿನಲ್ಲಾಗಲಿ, ಉರ್ದುವಿನಲ್ಲಾಗಲಿ, ಹೆಸರು ಮಾತ್ರ ಮನೆಯಲ್ಲಿ ಅಂದಂಗೇ ಇರಲಿ. ವಾಚನಾಲಯಕ್ಕೆ ತಂದು ಕೊಡ್ರಿ, ಒಂದು ವಹಿ ಇಟ್ಟೀವಿ. ಕೈಫೆಂಗಿನವನು ಊರು ಕಳಕೊಂಡ ಮೇಲೆ ಬರೆದ, ನಾವು ಊರಲ್ಲಿ ಇರುವಾಗಲೇ ಬರಿಯೋಣ.

ಬರುವ ಶಿವರಾತ್ರಿಯ ಮರುದಿನ ಸಂಜೆ ಐದಕ್ಕೆ ಗುಡಿಯ ಮುಂದೆ ಮತ್ತೆ ಕೂಡೋಣ. ನಾರಾಯಣಖೇಡದ ಆ ತಂಗಿಯ ಅಂಗಡಿ ಮುಂದೆ ಒಂದು ಗಳಿಗೆ ನಿಲ್ಲು ಅಂತ ಹೈದರಾಬಾದಿನ ಹುಡುಗನಿಗೂ ಮೊಮ್ಮಗಳ ಕಡೆಯಿಂದ ಹೇಳಿ ಕಳಿಸೀನಿ, ಜಾತ್ರೆಗೂ ಬಾ ಅಂದೀನಿ. ತಿರುಗಾಟಕ್ಕೆ ರೊಕ್ಕ ಇಲ್ಲ. ತಿಂದದ್ದಕ್ಕೆ ಮಾತ್ರ ಅಂಗಡಿಯವರಿಗೆ ಕೊಡಬೇಕು. ಹೊಸ ಜೋಳದ ರೊಟ್ಟಿ ನಾ ತರ್ತೀನಿ, ಹಿಂಡಿ ನೀವು ತರ್ರಿ.